ಪ್ರೇಕ್ಷಕನ ಆಯ್ಕೆಯೂ ಶೃಂಗಾರಕಥೆಯೂ: ಕುಮಾರರಾಮನ ಕಥೆಯನ್ನು ಮುಂದಿಟ್ಟುಕೊಂಡು ಒಂದು ವಿಚಾರ

ತುಂಗಭದ್ರೆಯ ಉತ್ತರಕ್ಕೆ, ಈಗಿನ ಕೊಪ್ಪಳ ಜಿಲ್ಲೆಗೆ ಸೇರಿದ ಗಂಗಾವತಿಯ ಸೀಮೆಯಲ್ಲಿ, ಹೇಮಗುಡ್ಡವೆಂಬ ಕೋಟೆಯ ಬೆಟ್ಟವೊಂದಿದೆ. ಇದೂ ಇದೇ ಸೀಮೆಯ ಕುಮ್ಮಟದುರ್ಗವೂ ಕಂಪಿಲರಾಯನ ಮನೆತನದ ನೆನಪನ್ನು ಇಂದಿಗೂ ಹೊತ್ತುಕೊಂಡಿರುವ ಸ್ಥಳಗಳು. ಆ ಅರಸುತನವು ಅಳಿದುದು ಕ್ರಿ.ಶ. ೧೩೨೭ರ ಸುಮಾರಿನಲ್ಲಿ. ದಿಲ್ಲಿಯ ಸುಲ್ತಾನ ಮಹಮ್ಮದ್ ಬಿನ್ ತುಘಲಕನ ಮೇಲೆ ತಿರುಗಿಬಿದ್ದ ಅವನ ಬಂಧು ಬಹಾವುದ್ದೀನ್ ಗುರ್ಶಾಸ್ಪನು ಕಂಪಿಲರಾಯನ ಮರೆಹೊಕ್ಕನು. ರಾಯನು ಮರೆಹೊಕ್ಕವನನ್ನು ಒಪ್ಪಿಸಲೊಲ್ಲದೆ ಬೇರೊಬ್ಬ ಅರಸನೆಡೆಗೆ ಸಾಗಹಾಕಿ, ಅಂತಃಪುರದ ಸ್ತ್ರೀಯರು ಅಗ್ನಿಪ್ರವೇಶ ಮಾಡಿದ ಬಳಿಕ ತಾನು ಕಾದಿ ಮಡಿದನೆಂದು ಮೊರಾಕೊ ದೇಶದ ಪ್ರವಾಸಿ ಇಬ್ನ್ ಬತೂತನು ಬರೆದಿದ್ದಾನೆ. ಅವನ ವೃತ್ತಾಂತದಲ್ಲಿ ರತ್ನಾಜಿಯೆಂಬ ಹೆಣ್ಣಿನ ಸುಳಿವೇ ಇಲ್ಲ. ಚರಿತ್ರೆಯು ಕಂಡದ್ದು ತಂದೆಯು ಅತಿಥಿಯ ವಿಷಯದಲ್ಲಿ ಹೇಳಿದ ‘ಒಲ್ಲೆ’ಯನ್ನು, ಕನ್ನಡದ ಕವಿಗಳು ಅದಕ್ಕೆ ಜೊತೆಯಾಗಿ ಮಗನು ಮಲತಾಯಿಯ ಮುಂದೆ ಹೇಳಿದ ಇನ್ನೊಂದು ‘ಒಲ್ಲೆ’ಯನ್ನು ಇಟ್ಟರು.

ಈ ಎರಡನೆಯದೇ ಕಾವ್ಯದ ಜೀವ. ಸುಮಾರು ೧೫೨೫ರಲ್ಲಿದ್ದ ನಂಜುಂಡ ಕವಿಯು ಇದನ್ನು ಸಾಂಗತ್ಯದಲ್ಲಿ ಹಾಡಿದನು, ಪಾಂಚಾಳಗಂಗ, ಮಹಲಿಂಗಸ್ವಾಮಿ ಮೊದಲಾದವರು ಅದೇ ಮಟ್ಟಿನಲ್ಲಿ ಮತ್ತೆ ಹಾಡಿದರು, ಬಯಲಾಟದವರು ಕುಣಿದರು. ೨೦೦೬ರಲ್ಲಿ ಎಚ್. ಆರ್. ಭಾರ್ಗವರ ನಿರ್ದೇಶನದಲ್ಲಿ, ಶಿವರಾಜಕುಮಾರರು ನಾಯಕರಾಗಿ, ‘ಗಂಡುಗಲಿ ಕುಮಾರರಾಮ’ ಎಂಬ ಚಲಚ್ಚಿತ್ರವೂ ಬಂದಿತು. ಎಲ್ಲೆಡೆಯೂ ಕಥೆಯ ಹುರಿ ಒಂದೇ. ಆಟದ ಚೆಂಡು ಕಿರಿಯ ರಾಣಿ ರತ್ನಾಜಿಯ ಅರಮನೆಯೊಳಗೆ ಬೀಳುತ್ತದೆ. ಚೆಂಡನ್ನು ಬೇಡಲು ಹೋದ ರಾಮನಲ್ಲಿ ಆಕೆ ತನ್ನ ಆಸೆಯನ್ನು ಬಿಚ್ಚುತ್ತಾಳೆ. ಪರನಾರೀಸಹೋದರನೆಂಬ ಬಿರುದನ್ನು ಹೊತ್ತವನು ‘ತಾಯೆ’ ಎಂದು ಕೈಮುಗಿದು ಹಿಂದಿರುಗುತ್ತಾನೆ. ಆಕೆಯ ದೂರನ್ನು ನಂಬಿದ ಕಂಪಿಲನು ಮಗನ ತಲೆಯನ್ನು ತರಹೇಳುತ್ತಾನೆ. ಮಂತ್ರಿ ಬೈಚಪ್ಪನು ರಾಮನನ್ನು ನೆಲಮಾಳಿಗೆಯಲ್ಲಿ ಅಡಗಿಸಿ ಮತ್ತೊಬ್ಬನ ತಲೆಯನ್ನು ತೋರಿಸುತ್ತಾನೆ. ದಿಲ್ಲಿಯ ದಂಡು ಬಂದಾಗ, ಇಲ್ಲದ ಮಗನನ್ನು ನೆನೆದು ಮುದುಕನು ಅಳುತ್ತಿರಲು, ರಾಮನು ಹೊರಬಂದು ಕಾದಿ ಮಡಿಯುತ್ತಾನೆ.

ಚೆಂಡು ಬಿದ್ದ ಆ ಘಟ್ಟದಲ್ಲಿ ಆಟವನ್ನು ತಡೆದು, ‘ರಾಮನು ಒಲಿಯಬೇಕೆ, ಒಲ್ಲೆನ್ನಬೇಕೆ?’ ಎಂದು ನೆರೆದವರನ್ನು ಕೇಳಿದರೆ ಏನಾದೀತು? ಪ್ರಶ್ನೆಯು ಹುಡುಗಾಟಿಕೆಯದೆಂದು ತೋರಬಹುದು. ಆದರೆ ಹೀಗೆ ಕೇಳುವುದನ್ನೇ ತನ್ನ ಧರ್ಮವನ್ನಾಗಿ ಮಾಡಿಕೊಂಡ ಚಲಚ್ಚಿತ್ರಜಾತಿಯೊಂದು ಕಳೆದ ಶತಮಾನದಲ್ಲಿ ಹುಟ್ಟಿ, ಈ ಶತಮಾನದಲ್ಲಿ ಮನೆಮನೆಯ ತೆರೆಯ ಮೇಲೆ ಕೆಲವು ಕಾಲ ಆಡಿ, ಬಹುಮಟ್ಟಿಗೆ ಹಿಂದಕ್ಕೂ ಸರಿದಿದೆ. ಅದರ ರಚನೆ ಎಂತಹದು, ಶೃಂಗಾರಕಥೆಯಲ್ಲಿ ಅದು ಏನನ್ನು ಕೊಟ್ಟು ಏನನ್ನು ಕಳೆಯುತ್ತದೆ ಎಂಬುದು ಸಾಹಿತ್ಯವನ್ನು ಪಾಠ ಹೇಳುವವರಿಗೆ ಉಪೇಕ್ಷಣೀಯವಲ್ಲ. ವಿದ್ಯಾರ್ಥಿಗಳು ಕಥೆಯೆಂದರೆ ತಮಗೆ ಬೇಕಾದಂತೆ ತಿರುಗಿಸಬಹುದಾದ ವಸ್ತುವೆಂದು ಭಾವಿಸಿ ತರಗತಿಗೆ ಬರುವ ಕಾಲವಿದು.

ಈ ಜಾತಿಯ ಮೊದಲ ಪ್ರಸಿದ್ಧ ಕೃತಿ ೧೯೬೭ರಲ್ಲಿ ಕೆನಡಾದ ಮಾಂಟ್ರಿಯಲ್ ನಗರದ ವಿಶ್ವಪ್ರದರ್ಶನದಲ್ಲಿ ಚೆಕೊಸ್ಲೊವಾಕಿಯದವರು ತೋರಿಸಿದ ‘ಕಿನೊಆಟೊಮ್ಯಾಟ್’. ಅದರ ಕರ್ತೃ ರಾಡೂಜ್ ಚಿಂಚೆರಾ. ಶಾಲೆಯಲ್ಲಿ ೧೨೭ ಆಸನಗಳು; ಪ್ರತಿಯೊಂದಕ್ಕೂ ಒಂದು ಕೆಂಪು, ಒಂದು ಹಸುರು ಗುಂಡಿ. ಕಥಾನಾಯಕ ನೊವಾಕನು ಸಂಸಾರಸ್ಥ. ಹೆಂಡತಿ ಮನೆಗೆ ಬರುವ ಹೊತ್ತಿಗೆ ಸರಿಯಾಗಿ ನೆರೆಮನೆಯ ತರುಣಿಯು ಮೈಮೇಲೆ ಬರಿಯ ಟವೆಲನ್ನು ಸುತ್ತಿಕೊಂಡವಳು ಬಾಗಿಲು ಹಾಕಿಕೊಂಡು ಹೊರಗೆ ಸಿಕ್ಕಿ ಇವನ ಬಾಗಿಲನ್ನು ಬಡಿಯುತ್ತಾಳೆ. ಒಳಗೆ ಬಿಡುವುದೇ, ಬೇಡವೇ? ಚಿತ್ರವು ನಿಲ್ಲುತ್ತದೆ. ನೊವಾಕನ ಪಾತ್ರವನ್ನು ಮಾಡಿದ ನಟ ಮಿರೊಸ್ಲಾವ್ ಹಾರ್ನಿಚೆಕನೇ ರಂಗದ ಮೇಲೆ ಬಂದು ಸಭೆಯ ಮತವನ್ನು ಕೇಳುತ್ತಾನೆ. ಹೆಚ್ಚು ಮತ ಬಿದ್ದ ಕಡೆಗೆ ಕಥೆ ಹೊರಳುತ್ತದೆ.

ಇದರ ಒಳಗುಟ್ಟು ಸ್ವಾರಸ್ಯವಾದುದು. ಪ್ರತಿ ಆಯ್ಕೆಯೂ ಎರಡು ಕವಲಾಗಿ, ಅವು ಮತ್ತೆರಡು ಕವಲಾಗುತ್ತ ಹೋದರೆ ಹತ್ತು ಪ್ರಶ್ನೆಗಳಿಗೆ ಸಾವಿರದ ಮೇಲಣ ಕಥೆಗಳನ್ನು ಚಿತ್ರಿಸಬೇಕಾಗುತ್ತದೆ; ಅದು ಯಾರಿಂದಲೂ ಆಗದ ಕೆಲಸ. ಆದುದರಿಂದ ಕವಲೊಡೆದ ದಾರಿಗಳು ಸ್ವಲ್ಪ ದೂರದಲ್ಲೇ ಕೂಡಿಕೊಳ್ಳುವಂತೆ ಕಥೆಯನ್ನು ಹೆಣೆಯಲಾಗಿತ್ತು. ಎರಡು ಪ್ರಕ್ಷೇಪಕಯಂತ್ರಗಳು ಒಟ್ಟೊಟ್ಟಿಗೆ ಓಡುತ್ತಿದ್ದುವು; ಒಂದರ ಕಣ್ಣನ್ನು ಮುಚ್ಚಿ ಇನ್ನೊಂದರದನ್ನು ತೆರೆಯುವುದಷ್ಟೇ ಕೆಲಸ. ಸಭೆಯು ಏನನ್ನೇ ಆರಿಸಿದರೂ ಕೊನೆಯಲ್ಲಿ ನೊವಾಕನಿದ್ದ ಕಟ್ಟಡವು ಉರಿಯುತ್ತಿತ್ತು. ಜನಮತದ ಬಗೆಗೆ ಅಂದಿನ ಚೆಕ್ ದೇಶದವರಿಗಿದ್ದ ಕಹಿನಗೆಯೂ ಇದರಲ್ಲಿ ಸೇರಿರಬಹುದು.

ಸಭೆಯ ಬದಲು ಒಬ್ಬನೇ ಪ್ರೇಕ್ಷಕ, ಗುಂಡಿಯ ಬದಲು ಕೈಯೊಳಗಿನ ರಿಮೋಟು ಎಂಬ ಏರ್ಪಾಡು ನೆಟ್‌ಫ್ಲಿಕ್ಸ್ ಸಂಸ್ಥೆಯಿಂದ ಬಳಕೆಗೆ ಬಂದಿತು. ಅದರ ‘ಬ್ಯಾಂಡರ್‌ಸ್ನ್ಯಾಚ್’ ೨೦೧೮ರ ಡಿಸೆಂಬರಿನಲ್ಲಿ ಹೊರಬಿದ್ದು ಬಹಳ ಹೆಸರು ಮಾಡಿತು. ಭಾರತೀಯರಿಗೆ ಇದರ ಪರಿಚಯವಾದುದು ೨೦೨೨ರ ಜುಲೈಯಲ್ಲಿ, ನಟ ರಣವೀರ್ ಸಿಂಗನು ಬೇರ್ ಗ್ರಿಲ್ಸನೊಡನೆ ಸೆರ್ಬಿಯದ ಕಾಡಿಗೆ ಹೋಗುವ ಚಿತ್ರದಿಂದ. ಅಲ್ಲಿಯ ನೆಪವು ಹಳೆಯ ಪ್ರೇಮಕಥೆಯದೇ: ಮಡದಿ ದೀಪಿಕಾ ಪಡುಕೋಣೆಗಾಗಿ ಅಪರೂಪದ ಹೂವೊಂದನ್ನು ತರುವುದು. ಸೌಗಂಧಿಕಾಪುಷ್ಪವನ್ನು ತರಲು ಹೊರಟ ಭೀಮನಿಗೆ ದಾರಿಯಲ್ಲಿ ಯಾವ ಬಂಡೆಯನ್ನು ಹತ್ತಬೇಕೆಂದು ಯಾರೂ ಹೇಳಿಕೊಟ್ಟಿರಲಿಲ್ಲ. ಇಲ್ಲಿ ಅದನ್ನು ಹೇಳುವವನು ಪ್ರೇಕ್ಷಕ. ಒಲವು ಮಾತ್ರ ಮೊದಲೇ ನಿಶ್ಚಿತವಾದುದು, ಪ್ರಶ್ನೆಗೆ ಹೊರಗಿನದು.

ಒಲವನ್ನೇ ಪ್ರಶ್ನೆಗೆ ಗುರಿಮಾಡಿದುದು ೨೦೨೩ರ ಆಗಸ್ಟ್ ೩೧ರಂದು ಬಿಡುಗಡೆಯಾದ ‘ಚೂಸ್ ಲವ್’. ಸ್ಟೂವರ್ಟ್ ಮೆಕ್‌ಡೊನಾಲ್ಡ್ ಇದರ ನಿರ್ದೇಶಕ. ಬರೆದವಳು ಜೋಸಾನ್ ಮೆಕ್‌ಗಿಬನ್. ಲಾಸ್ ಏಂಜಲೀಸ್ ನಗರದಲ್ಲಿ ಧ್ವನಿಮುದ್ರಣದ ಕೆಲಸ ಮಾಡುವ ಕ್ಯಾಮಿ ಎಂಬವಳಿಗೆ ಮೂವರು: ಜೊತೆಯಲ್ಲಿರುವ ಪಾಲ್, ಮೊದಲ ಒಲವಿನ ಜ್ಯಾಕ್, ಹೆಸರಾಂತ ಹಾಡುಗಾರ ರೆಕ್ಸ್. ನಿರ್ಣಯದ ಘಳಿಗೆ ಬಂದಾಗ ಆಕೆ ಪ್ರೇಕ್ಷಕನ ಕಡೆಗೆ ತಿರುಗುತ್ತಾಳೆ. ತೆರೆಯ ಮೇಲೆ ಎರಡು ಮಾತುಗಳು ಮೂಡುತ್ತವೆ. ಕೆಲವು ಕ್ಷಣಗಳ ಗಡುವಿನೊಳಗೆ ಒಂದನ್ನು ಒತ್ತಬೇಕು. ಒತ್ತದಿದ್ದರೆ ಯಂತ್ರವೇ ಒಂದನ್ನು ಆರಿಸಿಕೊಂಡು ಮುಂದುವರಿಯುತ್ತದೆ. ಮುಗಿದ ಮೇಲೆ ಹಿಂದಕ್ಕೆ ಹೋಗಿ ಬಿಟ್ಟವನನ್ನು ಹಿಡಿಯಬಹುದು, ಹಿಡಿದವನನ್ನು ಬಿಡಬಹುದು. ೨೦೨೪ರ ಡಿಸೆಂಬರ್ ೧ರಂದು ಸಂಸ್ಥೆಯು ತನ್ನಲ್ಲಿದ್ದ ಇಂತಹ ಕೃತಿಗಳಲ್ಲಿ ನಾಲ್ಕನ್ನು ಉಳಿಸಿಕೊಂಡು ಮಿಕ್ಕುವನ್ನು ತೆಗೆದುಹಾಕಿದಾಗ ‘ಚೂಸ್ ಲವ್’ ಕೂಡ ಮರೆಯಾಯಿತು. ಆ ತಂತ್ರವು ತನ್ನ ಕೆಲಸವನ್ನು ಮುಗಿಸಿತೆಂದೂ ಇನ್ನು ಅದೇ ಒಂದು ಕಟ್ಟಾಗಿದೆಯೆಂದೂ ಸಂಸ್ಥೆಯವರು ಅಂದು ಹೇಳಿದರು. ೨೦೨೫ರ ಮೇ ತಿಂಗಳಲ್ಲಿ ‘ಬ್ಯಾಂಡರ್‌ಸ್ನ್ಯಾಚ್’ ಚಿತ್ರವನ್ನೂ ತೆಗೆಯಲಾಯಿತು.

ಯಂತ್ರದ ತೊಡಕು, ವೆಚ್ಚದ ಭಾರ ಮೊದಲಾದ ಕಾರಣಗಳು ಇದ್ದಿರಬೇಕು. ಅವನ್ನು ವ್ಯಾಪಾರವನ್ನು ಬಲ್ಲವರಿಗೆ ಬಿಡಬಹುದು. ಕಾವ್ಯವಿಚಾರಕ್ಕೆ ಸೇರಿದ ಕಾರಣವು ಬೇರೆಯಿದೆ, ಅದನ್ನು ನಮ್ಮ ಆಲಂಕಾರಿಕರು ಈ ಚಿತ್ರಗಳನ್ನು ಕಾಣದೆಯೇ ಹೇಳಿದ್ದಾರೆ.

ಪ್ರೇಕ್ಷಕನ ಅಧಿಕಾರವನ್ನು ಭರತಮುನಿಯು ಕಡಮೆಮಾಡಿದವನಲ್ಲ. ನಾಟ್ಯಶಾಸ್ತ್ರದಲ್ಲಿ ಪ್ರಯೋಗದ ಸಿದ್ಧಿಯನ್ನು ಅಳೆಯುವುದು ಸಭಿಕರ ನಗೆ, ಉದ್ಗಾರ, ರೋಮಾಂಚ, ಮೌನಗಳಿಂದ. ತೀರ್ಪನ್ನು ಹೇಳಲು ಪ್ರಾಶ್ನಿಕರನ್ನೂ ಅವನು ನೇಮಿಸುತ್ತಾನೆ. ಆದರೆ ಈ ಅಧಿಕಾರವು ತೀರ್ಪಿನದು. ಕಥೆಯ ಹಗ್ಗವನ್ನು ಹಿಡಿಯುವುದಲ್ಲ. ಅಭಿನವಗುಪ್ತನು ಇನ್ನೂ ಮುಂದೆ ಹೋಗಿ ರಸಾಸ್ವಾದಕ್ಕೆ ಬರುವ ಏಳು ವಿಘ್ನಗಳನ್ನು ಎಣಿಸಿದ್ದಾನೆ. ಅವುಗಳಲ್ಲಿ ಮೂರು ಇಲ್ಲಿಗೆ ನೇರವಾಗಿ ಸಲ್ಲುತ್ತವೆ. ರಂಗದ ಮೇಲಣ ಭಾವವನ್ನು ‘ಇದು ನನ್ನದು’ ಅಥವಾ ‘ಇದು ಪರರದು’ ಎಂದು ಕಟ್ಟಿಹಾಕುವುದು ಒಂದು. ತನ್ನ ಸ್ವಂತ ಸುಖದುಃಖಗಳಿಗೆ ವಶನಾಗುವುದು ಮತ್ತೊಂದು. ಕಂಡ ವಿಭಾವಾನುಭಾವಗಳು ಯಾವ ಸ್ಥಾಯಿಗೆ ಸೇರಿದುವೆಂಬ ಸಂಶಯವು ಕೊನೆಯದು. ನೋಡುವವನ ಬೆರಳನ್ನು ಗುಂಡಿಯ ಮೇಲಿಟ್ಟು ‘ಯಾರನ್ನು ವರಿಸೋಣ?’ ಎಂದು ಕೇಳುವ ಚಿತ್ರವು ಈ ಮೂರನ್ನೂ ಒಟ್ಟಿಗೆ ಕರೆದು ಕೂಡಿಸುತ್ತದೆ. ಕ್ಯಾಮಿಯ ಅನುರಾಗವು ಅವಳದಾಗಿ ಉಳಿಯದೆ ನೋಡುವವನ ಇಷ್ಟವಾಗುತ್ತದೆ. ಇಷ್ಟವಾದೊಡನೆ ಲಾಭನಷ್ಟದ ಲೆಕ್ಕವಾಗುತ್ತದೆ. ಪಾಲ್‌ನನ್ನು ಕಂಡಾಗ ಅವಳ ಕಣ್ಣಿನಲ್ಲಿ ತೋರಿದ ಹೊಳಪು ರತಿಯೋ ಬರಿಯ ಸೌಜನ್ಯವೋ ಎಂಬುದು ಆಯ್ಕೆಯಾಗುವವರೆಗೆ ತೀರ್ಮಾನವಾಗುವುದಿಲ್ಲ. ಸಾಧಾರಣೀಕರಣಕ್ಕೆ ಎಡೆಯೆಲ್ಲಿ?

ಇದರ ಮೂಲದಲ್ಲಿ ಪಾತ್ರದ ಸ್ವಭಾವದ ಪ್ರಶ್ನೆಯಿದೆ. ಮೂವರಲ್ಲಿ ಯಾರಿಗೆ ಬೇಕಾದರೂ ಒಲಿಯಬಲ್ಲ ನಾಯಿಕೆಯನ್ನು ರಚಿಸಬೇಕಾದರೆ ಯಾರೊಬ್ಬರಿಗೇ ಒಲಿಯುವಂತಹ ಗುಣವು ಅವಳಲ್ಲಿ ಇರಕೂಡದು. ಕೊನೆಗಳು ಹೆಚ್ಚಿದಷ್ಟೂ ಆರಂಭವು ತೆಳುವಾಗುತ್ತದೆ. ಕುಮಾರರಾಮನ ಪ್ರಸಂಗಕ್ಕೆ ಹಿಂದಿರುಗಿದರೆ ಇದು ಸ್ಪಷ್ಟವಾಗುತ್ತದೆ. ರತ್ನಾಜಿಯ ಮುಂದೆ ನಿಂತ ರಾಮನಿಗೆ ಹೊರಗಿನಿಂದ ನೋಡಿದರೆ ಎರಡು ದಾರಿಗಳಿವೆ. ಒಳಗಿನಿಂದ ಇರುವುದು ಒಂದೇ. ಅವನು ರಾಮನಾದುದರಿಂದ ಒಲ್ಲೆನ್ನುತ್ತಾನೆ. ಒಲ್ಲೆಂದುದರಿಂದ ರಾಮನಾಗಿ ಉಳಿಯುತ್ತಾನೆ. ಗುಂಡಿಯನ್ನೊತ್ತಿ ಅವನನ್ನು ಒಪ್ಪಿಸಿದರೆ ಸಿಗುವುದು ಕುಮಾರರಾಮನ ಬೇರೊಂದು ಕಥೆಯಲ್ಲ, ಬೇರೆ ಯಾವನೋ ಒಬ್ಬನ ಕಥೆ. ಅಷ್ಟೇ ಅಲ್ಲ, ಒಪ್ಪಿಗೆಯ ದಾರಿಯೂ ಪಕ್ಕದಲ್ಲೇ ಬೆಳಗುತ್ತಿದ್ದರೆ ಅವನ ನಿರಾಕರಣೆಗೂ ಬೆಲೆ ತಗ್ಗುತ್ತದೆ. ಊರ್ವಶಿಯನ್ನು ತಾಯಿಯೆಂದು ಕರೆದ ಅರ್ಜುನನು ಅದಕ್ಕಾಗಿ ಒಂದು ವರ್ಷದ ಷಂಡತನವನ್ನು ತೆತ್ತನು. ತೆರಬೇಕಾದುದನ್ನು ಹಿಂದಕ್ಕೆ ಹೋಗಿ ಅಳಿಸಬಹುದಾಗಿದ್ದರೆ ಆ ಕಥೆಯನ್ನು ಯಾರೂ ನೆನೆಯುತ್ತಿರಲಿಲ್ಲ.

ಹಾಗೆಂದ ಮಾತ್ರಕ್ಕೆ ಪ್ರೇಕ್ಷಕನು ಶೃಂಗಾರಕಥೆಯನ್ನು ಎಂದೂ ತಿದ್ದಿಲ್ಲವೆಂದು ಹೇಳುವಂತಿಲ್ಲ. ತಿದ್ದಿದ್ದಾನೆ, ಅದೂ ರತ್ನಾಜಿಯ ಕಥೆಯನ್ನೇ ಹೋಲುವ ಕಥೆಯಲ್ಲಿ. ಗ್ರೀಕ್ ಕವಿ ಯೂರಿಪಿಡೀಸನು ಹಿಪೊಲಿಟಸನನ್ನು ಕುರಿತು ಎರಡು ನಾಟಕಗಳನ್ನು ಬರೆದನು. ಇಲ್ಲಿಯೂ ಮಲಮಗನಿಗೆ ಮನಸೋತ ರಾಣಿ ಫೀಡ್ರಾ, ಒಲ್ಲದ ಮಗ, ಸುಳ್ಳು ದೂರು, ತಂದೆಯ ಶಾಪ. ಮೊದಲ ನಾಟಕವು ಈಗ ಬಿಡಿತುಣುಕುಗಳಾಗಿ ಮಾತ್ರ ಉಳಿದಿದೆ. ಅದರಲ್ಲಿ ಫೀಡ್ರಾ ನಾಚಿಕೆಯನ್ನು ಬಿಟ್ಟು ತಾನೇ ಬೇಡಿದಳೆಂದೂ, ಅಥೆನ್ಸಿನ ಸಭಿಕರಿಗೆ ಅದು ಹಿಡಿಸಲಿಲ್ಲವೆಂದೂ ವಿದ್ವಾಂಸರು ತಿಳಿಯುತ್ತಾರೆ. ಮೊದಲನೆಯದರಲ್ಲಿ ಅನುಚಿತವಾಗಿದ್ದುದನ್ನು ಎರಡನೆಯದರಲ್ಲಿ ಸರಿಪಡಿಸಲಾಗಿದೆಯೆಂದು ಪ್ರಾಚೀನ ಟಿಪ್ಪಣಿಯೊಂದು ಹೇಳುತ್ತದೆ. ಕ್ರಿ.ಪೂ. ೪೨೮ರಲ್ಲಿ ಪ್ರಥಮ ಬಹುಮಾನವನ್ನು ಪಡೆದ ಈ ಎರಡನೆಯ ನಾಟಕದಲ್ಲಿ ಫೀಡ್ರಾ ತನ್ನ ಬೇಗೆಯನ್ನು ಮುಚ್ಚಿಟ್ಟುಕೊಂಡು ಸಾಯಹೊರಟವಳು. ಗುಟ್ಟನ್ನು ಒಡೆಯುವವಳು ದಾದಿ. ಜನರ ಅಸಮ್ಮತಿಯು ಕಥೆಯ ಕೊನೆಯನ್ನು ಮುಟ್ಟಲಿಲ್ಲ. ಹಿಪೊಲಿಟಸನು ಇಲ್ಲಿಯೂ ಸಾಯುತ್ತಾನೆ. ಅದು ಹೋಗಿ ತಟ್ಟಿದ್ದು ರಾಣಿಯ ಅಂತರಂಗವನ್ನು. ಕವಿಯು ಒಂದು ಪಾತ್ರವನ್ನು ಬುಡದಿಂದ ಮತ್ತೆ ಕಟ್ಟಿ, ಅದಕ್ಕೆ ತಕ್ಕಂತೆ ಪ್ರತಿ ಕಾರಣವನ್ನೂ ಮತ್ತೆ ಪೋಣಿಸಬೇಕಾಯಿತು.

ಗಂಗಾವತಿಗೆ ದೂರವಲ್ಲದ ಬಳ್ಳಾರಿಯಲ್ಲಿಯೂ ಇದಕ್ಕೊಂದು ಜೋಡಿ ದೊರೆಯುತ್ತದೆ. ಸಾರಂಗಧರನ ಕಥೆಯಲ್ಲಿ ಚೆಂಡಿನ ಬದಲು ಪಾರಿವಾಳವು ಮಲತಾಯಿ ಚಿತ್ರಾಂಗಿಯ ಮಹಲನ್ನು ಹೊಗುತ್ತದೆ. ಪರಂಪರೆಯ ಕಥೆಯಲ್ಲಿ ಕೈಕಾಲು ಕಡಿಸಿಕೊಂಡ ರಾಜಕುಮಾರನಿಗೆ ಸಿದ್ಧನೊಬ್ಬನ ಕೃಪೆಯಿಂದ ಅವು ಮರಳಿ ಬರುತ್ತವೆ. ಬಳ್ಳಾರಿಯಲ್ಲಿ ವಕೀಲರಾಗಿದ್ದ ಧರ್ಮವರಂ ರಾಮಕೃಷ್ಣಮಾಚಾರ್ಯರು ತೆಲುಗಿನಲ್ಲಿ ‘ವಿಷಾದ ಸಾರಂಗಧರ’ವನ್ನು ಬರೆದಾಗ ಆ ಸುಖಾಂತವನ್ನು ಬಿಟ್ಟು ಶೋಕದಲ್ಲಿಯೇ ನಿಲ್ಲಿಸಿದರು; ತೆಲುಗು ರಂಗಭೂಮಿಯಲ್ಲಿ ಅದೊಂದು ಹೊಸ ಹಾದಿಯಾಯಿತು. ಮಹಾಭಾರತದ ದುಷ್ಯಂತನು ತಿಳಿದೂ ಶಕುಂತಳೆಯನ್ನು ಅಲ್ಲಗಳೆದವನು. ಕಾಳಿದಾಸನು ದುರ್ವಾಸನ ಶಾಪವನ್ನು ನಡುವೆ ತಂದು ಅವನನ್ನು ಮರೆತವನನ್ನಾಗಿ ಮಾಡಿದನು. ಕುಂತಕನು ಇದನ್ನು ಪ್ರಕರಣವಕ್ರತೆಯೆಂದು ಮೆಚ್ಚಿದ್ದಾನೆ. ಇತಿವೃತ್ತವು ರಸಕ್ಕೆ ಒಗ್ಗದಿದ್ದರೆ ಅದನ್ನು ಬದಲಿಸುವ ಹಕ್ಕು ಕವಿಗಿದೆಯೆಂಬುದು ಆನಂದವರ್ಧನನ ಕಾಲದಿಂದಲೂ ಒಪ್ಪಿತವಾದ ಮಾತು.

ಇವೆಲ್ಲವುಗಳಲ್ಲಿ ಸಮಾನವಾದ ಲಕ್ಷಣವೊಂದಿದೆ. ಒಂದು ಪಾಠವನ್ನು ಒಪ್ಪಿದ ಕವಿಯು ಆ ಕೃತಿಯಲ್ಲಿ ಉಳಿದವಕ್ಕೆ ಬಾಗಿಲನ್ನು ಮುಚ್ಚಿದ್ದಾನೆ. ಕುಮಾರರಾಮನನ್ನು ಹಾಡಿದವರು ಹಲವರು. ಒಬ್ಬೊಬ್ಬನೂ ಒಂದೊಂದನ್ನು ಕೂಡಿಸಿದವನು, ಕಳೆದವನು. ಕೇಳಿದ ಜನರ ಒಲುಮೆ ಮುನಿಸುಗಳು ಆ ಭೇದಗಳಲ್ಲಿ ಅಡಗಿವೆ. ಆದರೆ ಒಂದು ರಾತ್ರಿಗೆ ಒಂದೇ ಆಟ. ಇದಕ್ಕೆ ವಿಚಿತ್ರವಾದ ಅಪವಾದವೆಂದರೆ ೧೯೯೮ರಲ್ಲಿ ಫಾಜಿಲನು ನಿರ್ದೇಶಿಸಿದ ‘ಹರಿಕೃಷ್ಣನ್ಸ್’ ಎಂಬ ಮಲಯಾಳದ ಚಿತ್ರ. ಮಮ್ಮೂಟಿ, ಮೋಹನಲಾಲ್ ಇಬ್ಬರೂ ಒಲಿದ ನಾಯಿಕೆಯು ಕೆಲವು ಪ್ರತಿಗಳಲ್ಲಿ ಒಬ್ಬನನ್ನೂ ಉಳಿದ ಪ್ರತಿಗಳಲ್ಲಿ ಇನ್ನೊಬ್ಬನನ್ನೂ ವರಿಸಿದಳು. ಅಭಿಮಾನಿಗಳ ಮನಸ್ಸನ್ನು ಕಾಯಲು ಹೂಡಿದ ಉಪಾಯವದು. ಯಾವ ಚಿತ್ರಮಂದಿರವನ್ನು ಹೊಕ್ಕನೆಂಬುದೇ ಪ್ರೇಕ್ಷಕನ ಆಯ್ಕೆ. ನಾಯಿಕೆಯ ಮನಸ್ಸು ಎತ್ತಲಿತ್ತೆಂದು ಆ ಚಿತ್ರವನ್ನು ನೋಡಿ ತಿಳಿಯುವುದು ಕಷ್ಟ. ಮೇಲೆ ಹೇಳಿದ ಸ್ವಭಾವಶೂನ್ಯತೆಗೆ ಇದೂ ಒಂದು ಸಾಕ್ಷಿ.

ನಮ್ಮ ಕಡೆಯ ರಂಗಭೂಮಿಯಲ್ಲಿ ಪ್ರೇಕ್ಷಕನ ಮಾತಿಗೆ ಎಡೆಯೇ ಇರಲಿಲ್ಲವೆನ್ನಲಾಗದು. ನಾಟಕ ಕಂಪೆನಿಗಳ ಕಾಲದಲ್ಲಿ ‘ಒನ್ಸ್ ಮೋರ್’ ಎಂಬ ಕೂಗಿಗೆ ಸತ್ತು ಬಿದ್ದ ಪಾತ್ರವು ಎದ್ದು, ಹಾಡಿ, ಮತ್ತೆ ಸಾಯುತ್ತಿದ್ದುದನ್ನು ಹಳಬರು ನಗುತ್ತ ಹೇಳುತ್ತಿದ್ದರು. ಸಭೆಯ ಅಪ್ಪಣೆಯಿಂದ ಹಾಡು ಎರಡಾಯಿತು; ಸಾವು ಮಾತ್ರ ತಪ್ಪಲಿಲ್ಲ. ದೊಡ್ಡಾಟದ ಸಾರಥಿಯ ಪದ್ಧತಿಯು ಇನ್ನೂ ಗಂಭೀರವಾದುದು. ರಂಗಕ್ಕೆ ಬಂದ ಪ್ರತಿಯೊಂದು ಪಾತ್ರವನ್ನೂ ಅವನು ತಡೆದು, ತಾವು ಯಾರು, ಯಾವ ಊರು, ಬಂದ ಕಾರಣವೇನೆಂದು ಕೇಳುತ್ತಾನೆ. ಆ ಪ್ರಶ್ನೆ ಸಭೆಯದು. ನಾಲಗೆ ಮಾತ್ರ ಅವನದು. ಉತ್ತರವನ್ನು ಕೊಡಬೇಕಾದುದು ಪಾತ್ರ. ಮಾಂಟ್ರಿಯಲಿನಲ್ಲಿ ಪಾತ್ರವು ಸಭೆಯನ್ನು ಕೇಳಿತು, ಇಲ್ಲಿ ಸಭೆಯು ಪಾತ್ರವನ್ನು ಕೇಳುತ್ತದೆ. ಈ ತಿರುವುಮುರುವಿನಲ್ಲಿಯೇ ಎರಡು ಕಲೆಗಳ ಅಂತರವೆಲ್ಲ ಇದೆ. ರತ್ನಾಜಿಯಂತಹ ಪಾತ್ರವನ್ನು ‘ಏಕೆ ಹೀಗೆ ಮಾಡಿದೆ, ತಾಯಿ?’ ಎಂದು ಕೇಳಿಸಿ, ಅವಳ ಬಾಯಿಂದಲೇ ಉತ್ತರವನ್ನು ಹೊರಡಿಸುವುದು ಸಾರಥಿಗೆ ಸಾಧ್ಯವಾದ ಕೆಲಸ; ಗುಂಡಿಗೆ ಸಾಧ್ಯವಲ್ಲ.

ಇಷ್ಟಾದರೂ ಈ ಹೊಸ ಜಾತಿಯನ್ನು ಸಂಪೂರ್ಣವಾಗಿ ತಳ್ಳಿಹಾಕುವುದು ನ್ಯಾಯವಲ್ಲ. ‘ಕಿನೊಆಟೊಮ್ಯಾಟ್’ ಗೆದ್ದಿತು, ‘ಚೂಸ್ ಲವ್’ ಮರೆತುಹೋಗುತ್ತಿದೆ. ಇದಕ್ಕೆ ಕಾರಣವನ್ನು ಹುಡುಕಿದರೆ ಒಂದು ಸೂಕ್ಷ್ಮವು ಹೊಳೆಯುತ್ತದೆ. ಚಿಂಚೆರಾನು ಕೊನೆಯನ್ನು ಬಿಟ್ಟುಕೊಡಲಿಲ್ಲ. ಬೆಂಕಿ ಹೇಗೂ ಬೀಳುವುದಿತ್ತು. ಅದರ ಮುಂಚೆ ನೆರೆಯವಳಿಗೆ ಬಾಗಿಲನ್ನು ತೆರೆದವರು ಯಾರು ಎಂಬ ಪಾಲುಗಾರಿಕೆಯನ್ನು ಮಾತ್ರ ಸಭೆಯ ಮೇಲೆ ಹೊರಿಸಿದನು. ಕೊನೆಯು ನಿಶ್ಚಿತವಾಗಿರುವ ಕಥೆಗೆ ಈ ತಂತ್ರವು ಒಗ್ಗುತ್ತದೆಯೆಂದು ಇದರಿಂದ ಊಹಿಸಬಹುದು. ಹೇಮಗುಡ್ಡದ ಸೀಮೆಯ ಕಥೆಗೆ ಚರಿತ್ರೆಯೇ ಅಂತಹ ಕೊನೆಯನ್ನು ಕೊಟ್ಟಿದೆ. ಏನನ್ನು ಆರಿಸಿದರೂ ೧೩೨೭ರಲ್ಲಿ ಕೋಟೆ ಬೀಳುತ್ತದೆ.

ಹಾಗಾದರೆ ಪ್ರಶ್ನೆಯನ್ನು ಎಲ್ಲಿ ಇಡಬೇಕು? ರಾಮನ ಮುಂದೆ ಇಡುವಂತಿಲ್ಲವೆಂಬುದನ್ನು ನೋಡಿಯಾಯಿತು. ಬೈಚಪ್ಪನ ಮುಂದೆ ಇಡಬಹುದು. ಅವನ ಒಂದು ಕೈಯಲ್ಲಿ ಅರಸನ ಅಪ್ಪಣೆ, ಇನ್ನೊಂದರಲ್ಲಿ ತಾನು ಕಂಡ ಸತ್ಯ. ಪಾಲಿಸಿದರೆ ನಿರಪರಾಧಿ ಸಾಯುತ್ತಾನೆ, ಪಾಲಿಸದಿದ್ದರೆ ಸ್ವಾಮಿದ್ರೋಹ. ಅದಕ್ಕೂ ಮಿಗಿಲಾಗಿ, ಅಡಗಿಸಿದರೆ ತೋರಿಸಲು ಬೇರೊಂದು ತಲೆ ಬೇಕು. ಅದೂ ಯಾರೋ ತಾಯಿಯ ಮಗನದೇ. ಕಾವ್ಯಗಳು ಬೇಗ ದಾಟಿಹೋಗುವ ಈ ತಲೆಯ ಮುಂದೆ ತರಗತಿಯ ವಿದ್ಯಾರ್ಥಿಗಳನ್ನು ನಿಲ್ಲಿಸಿ ಮತ ಕೇಳಿದರೆ ಪಾಠವು ಬರಿಯ ಕಥಾಸಂಗ್ರಹವಾಗಿ ಮುಗಿಯಲಾರದು. ರಾಮನು ಬದುಕಿದರೆ ಕೋಟೆಯು ವೀರನೊಡನೆ ಬೀಳುತ್ತದೆ, ಸತ್ತಿದ್ದರೆ ವೀರನಿಲ್ಲದೆ ಬೀಳುತ್ತದೆ. ಮಾತಂಗಿಯ ಕೈಯಿಂದ ಅವನ ತಲೆ ಉರುಳುವುದೂ, ಅದು ಪೂಜೆಗೊಳ್ಳುವುದೂ ಮೊದಲ ದಾರಿಯಲ್ಲಿ ಮಾತ್ರ.

ಇನ್ನೂ ಹಿಂದಕ್ಕೆ ಹೋದರೆ ರತ್ನಾಜಿಯ ಪಾಲಿಗೂ ಒಂದು ಪ್ರಶ್ನೆ ಸಿಗುತ್ತದೆ. ಜನಪದದ ಕೆಲವು ಪಾಠಗಳಲ್ಲಿ ಆಕೆಯನ್ನು ಮೊದಲು ನೋಡಿದುದು ರಾಮನಿಗೆಂದು. ತಂದೆಯು ತಾನೇ ಮೋಹಗೊಂಡು ಕೈಹಿಡಿದನು. ಇದನ್ನು ಒಪ್ಪಿದರೆ ಆಕೆಯ ಅಳಲು ಬೇ‍ರೆಯೇ ಆಗುತ್ತದೆ. ಚೆಂಡು ಬಂದು ಬಿದ್ದ ದಿನ ಆಕೆ ಬೇಡಿದ್ದು ತನಗೆಂದು ಮಾತಾಗಿದ್ದವನನ್ನೇ. ಹೆಣ್ಣು ನೋಡಿ ಬಂದವರ ಮಾತನ್ನು ಕೇಳುತ್ತ ಕುಳಿತ ಮುದಿ ಅರಸನ ಮುಂದೆ, ಮಗನಿಗೋ ತನಗೋ ಎಂಬ ಆ ಒಂದು ಕ್ಷಣದಲ್ಲಿ, ಚಿತ್ರವನ್ನು ತಡೆದು ಸಭೆಯನ್ನು ಕೇಳಬಹುದು.